ಹೊಲಿಯುವಾಗ ಈ ಕಾಗದ ಯಾಕೆ, ಇದನ್ನು ಶುರು ಮಾಡಿದ್ದು ಯಾರು?

ಬಟ್ಟೆ ಮೇಲೆ ತೆಳು ಕಾಗದ ಹಾಸಿ, ಗುಂಡುಸೂಜಿ ಚುಚ್ಚಿ, ಅದರ ಅಂಚಿಗೇ ಕತ್ತರಿ ಆಡಿಸುವುದನ್ನು ಕಂಡವರು ಬಿಡದೆ ಕೇಳುತ್ತಾರೆ: “ನಮ್ಮ ಟೈಲರ್ ಅಳತೆ ಬ್ಲೌಸ್ ಇಟ್ಕೊಂಡು ಚಾಕ್‌ನಲ್ಲಿ ಗೆರೆ ಎಳೆದು ಸೀದಾ ಕಟಿಂಗ್ ಮಾಡ್ತಾರೆ. ನಿಮಗೆ ಈ ಕಾಗದ ಯಾಕೆ? ಯಾರು ಶುರು ಮಾಡಿದ್ದು ಇದನ್ನ?”

ಟೈಲರ್ ಕೈಗೆ ವರ್ಷಗಟ್ಟಲೆ ಅಭ್ಯಾಸ ಇರುತ್ತದೆ. ಮನೆಯಲ್ಲಿ ಆಗೊಮ್ಮೆ ಈಗೊಮ್ಮೆ ಹೊಲಿಯುವವರಿಗೆ ಆ ಅಭ್ಯಾಸದ ಜಾಗದಲ್ಲಿ ಕಾಗದ ನಿಲ್ಲುತ್ತದೆ. ಉಡುಪಿನ ಒಂದೊಂದು ತುಂಡಿನ ಆಕಾರಕ್ಕೆ, ಅಳತೆಗೆ ಸರಿಯಾಗಿ ಮಾಡಿದ ಈ ಕಾಗದಕ್ಕೆ ಪ್ಯಾಟರ್ನ್ ಅನ್ನುತ್ತಾರೆ. ಇನ್ನು ಶುರು ಮಾಡಿದ್ದು ಯಾರು ಅಂದರೆ, ನಾನು ಮೊದಲು ಹೇಳುವ ಹೆಸರು ಎಲೆನ್ ಬಟರಿಕ್.

ಅಮೆರಿಕದ ಮ್ಯಾಸಚೂಸೆಟ್ಸ್‌ನಲ್ಲಿ ಸ್ಟರ್ಲಿಂಗ್ ಅಂತ ಒಂದು ಚಿಕ್ಕ ಊರಿದೆ. ಎಲೆನ್ ಅವರ ಗಂಡ ಎಬೆನೀಜರ್ ಬಟರಿಕ್ ಅಲ್ಲಿ ಟೈಲರ್ ಆಗಿದ್ದರು. ಅವರು ಮುಂದೆ ಕಟ್ಟಿದ ಬಟರಿಕ್ ಪ್ಯಾಟರ್ನ್ ಕಂಪನಿ ಹೇಳಿಕೊಂಡು ಬಂದಿರುವ ಕಥೆ ಹೀಗಿದೆ. 1863ರ ಚಳಿಗಾಲ. ಪುಟ್ಟ ಮಗ ಹೊವರ್ಡ್‌ಗೆ ಅಂಗಿ ಹೊಲಿಯಲು ಎಲೆನ್ ಊಟದ ಮೇಜಿನ ಮೇಲೆ ಚೌಕಳಿ ಬಟ್ಟೆ ಹರಡಿಕೊಂಡಿದ್ದರು. ಆಗ ಸಿಗುತ್ತಿದ್ದ ಪ್ಯಾಟರ್ನ್ ಸಾಮಾನ್ಯವಾಗಿ ಒಂದೇ ಸೈಜಿನದು. ಮಗುವಿಗೆ ಬೇಕಾದಷ್ಟು ಚಿಕ್ಕದು ಮಾಡುವ ಲೆಕ್ಕವೆಲ್ಲ ಹೊಲಿಯುವವರ ತಲೆ ಮೇಲೆ. ಸೈಜ್ ಸೈಜಿಗೂ ಬೇರೆ ಬೇರೆ ಪ್ಯಾಟರ್ನ್ ಸಿಕ್ಕಿದ್ದರೆ ಎಷ್ಟು ಸಲೀಸಾಗುತ್ತಿತ್ತು ಅಂದರಂತೆ. ಗಂಡ ಆ ಮಾತನ್ನು ಹಿಡಿದುಕೊಂಡರು.

ಕಾಗದದ ಪ್ಯಾಟರ್ನ್ ಬಟರಿಕ್‌ಗಿಂತ ಮುಂಚೆಯೂ ಇತ್ತು. ಫ್ಯಾಷನ್ ಪತ್ರಿಕೆಗಳು ಕೊಡುತ್ತಿದ್ದವು, ನ್ಯೂಯಾರ್ಕ್‌ನ ಎಲೆನ್ ಡೆಮೊರೆಸ್ಟ್ ಅನ್ನುವ ಇನ್ನೊಬ್ಬ ಎಲೆನ್ ಮಾರುತ್ತಲೂ ಇದ್ದರು. ಬಟರಿಕ್ ದಂಪತಿಯ ಹೆಚ್ಚುಗಾರಿಕೆ ಇರುವುದು ಸೈಜಿನಲ್ಲಿ.

ಸೈಜ್ ಬದಲಾಯಿಸುವುದು ಸುಮ್ನೆ ಮಾತಲ್ಲ. 34ರ ಬ್ಲೌಸನ್ನು 36 ಮಾಡಬೇಕು ಅಂತಿಟ್ಟುಕೊಳ್ಳಿ. ಎರಡು ಇಂಚು ಜಾಸ್ತಿ ಬೇಕು. ಆದರೆ ಮಡಿಸಿದ ಬಟ್ಟೆಯಲ್ಲಿ ಕತ್ತರಿಸುವುದು ಸುತ್ತಳತೆಯ ನಾಲ್ಕನೇ ಒಂದು ಭಾಗ ಮಾತ್ರ. ಹಾಗಾಗಿ ಅಲ್ಲಿ ಬೆಳೆಯಬೇಕಾದ್ದು ಅರ್ಧ ಇಂಚು. ಭುಜ ಅಷ್ಟು ಬೆಳೆಯುವುದಿಲ್ಲ, ಕೊರಳು ಇನ್ನೂ ಕಡಿಮೆ. ಕಂಕುಳು ಸ್ವಲ್ಪ ಇಳಿಯಬೇಕು, ಅದಕ್ಕೆ ತಕ್ಕಂತೆ ತೋಳು ಅಗಲವಾಗಬೇಕು. ಎಲ್ಲವನ್ನೂ ಒಂದೇ ಸಮ ಹಿಗ್ಗಿಸಿದರೆ ಎದೆ ಸರಿಹೋಗುತ್ತದೆ, ಕೊರಳು ಭುಜದಿಂದ ಜಾರುತ್ತದೆ. ಈ ಲೆಕ್ಕವನ್ನು ಟೈಲರ್ ಒಬ್ಬರು ಮೊದಲೇ ಮಾಡಿ, ಯಾರು ಬೇಕಾದರೂ ಕೊಳ್ಳುವ ಹಾಗೆ ಮಡಿಸಿ ಕೊಟ್ಟರು. ನನಗೆ ಈಗಲೂ ಅದು ದೊಡ್ಡ ಕೆಲಸ ಅನ್ನಿಸುತ್ತದೆ.

ಮೊದಲು ದಪ್ಪ ರಟ್ಟಿನಲ್ಲಿ ಮಾಡಿ ನೋಡಿದರು. ಮಡಿಸಲಾಗದು, ಅಂಚೆಗೆ ಹಾಕಲಾಗದು. ಆಮೇಲೆ ಟಿಶ್ಯೂ ಕಾಗದಕ್ಕೆ ಬಂದರು. ಮನೆಮಂದಿಯೇ ಕೂತು ಮಡಿಸುತ್ತಿದ್ದರು. ಶುರುವಿನಲ್ಲಿ ಗಂಡಸರು ಮತ್ತು ಹುಡುಗರ ಬಟ್ಟೆ ಮಾತ್ರ. ಇಟಲಿಯ ಸೇನಾನಾಯಕ ಗ್ಯಾರಿಬಾಲ್ಡಿಯ ಸಮವಸ್ತ್ರದಂತೆ ಮಾಡಿದ ಹುಡುಗರ ಸೂಟು ಆಗ ಬಹಳ ಹೆಸರು ಮಾಡಿತು. ವರ್ಷದೊಳಗೆ ಫಿಚ್‌ಬರ್ಗ್‌ಗೆ, ಅಲ್ಲಿಂದ ನ್ಯೂಯಾರ್ಕ್‌ನ ಬ್ರಾಡ್‌ವೇಗೆ ಹೋದರು. 1866ಕ್ಕೆ ಹೆಂಗಸರ ಉಡುಪಿನ ಪ್ಯಾಟರ್ನ್ ಬಂತು, 1873ಕ್ಕೆ ‘ಡೆಲಿನಿಯೇಟರ್’ ಪತ್ರಿಕೆ. ಮನೆಗಳಿಗೆ ಹೊಲಿಗೆ ಮಿಷನ್ ಕಾಲಿಡುತ್ತಿದ್ದ ಹೊತ್ತು ಅದು. ಮಿಷನ್ ಹೊಲಿಯುತ್ತದೆ, ಕತ್ತರಿಸಿ ಕೊಡುವುದಿಲ್ಲ ಅಲ್ವಾ?

ಆ ಕಾಲದ ಕಾಗದ ಕೈಗೆ ಸಿಕ್ಕರೆ ಗಾಬರಿ ಆಗಬಹುದು. ಒಂದಕ್ಷರವೂ ಇರುವುದಿಲ್ಲ, ಬರೀ ತೂತುಗಳು. ದೊಡ್ಡ ತೂತು, ಸಣ್ಣ ತೂತು, ಅಂಚಿನಲ್ಲಿ ಪುಟ್ಟ ಕಚ್ಚು. ಡಾರ್ಟ್ (ಮೈಗೆ ಕೂರಲು ಮಡಿಸಿ ಹೊಲಿಯುವ ಮಡಿಕೆ) ಎಲ್ಲಿ, ಬಟ್ಟೆಯ ನೂಲಿನ ನೇರ ಯಾವ ಕಡೆ ಅನ್ನುವುದನ್ನು ಆ ತೂತುಗಳಿಂದಲೇ ತಿಳಿಯಬೇಕು. ಗೆರೆ, ಅಕ್ಷರ ಮುದ್ರಿಸಿದ ಪ್ಯಾಟರ್ನ್ ತಂದದ್ದು ಎದುರಾಳಿ ಕಂಪನಿ ಮೆಕಾಲ್, 1920ರ ಆಸುಪಾಸಿನಲ್ಲಿ. ಆ ಕಂಪನಿಯನ್ನು 1870ರಲ್ಲಿ ಶುರು ಮಾಡಿದ ಜೇಮ್ಸ್ ಮೆಕಾಲ್ ಕೂಡ ಟೈಲರೇ, ಸ್ಕಾಟ್ಲೆಂಡಿನವರು. ಕಡೆಗೆ 2001ರಲ್ಲಿ ಮೆಕಾಲ್ ಕಂಪನಿಯೇ ಬಟರಿಕ್ ಅನ್ನು ಕೊಂಡುಕೊಂಡಿತು.

ಬಟರಿಕ್‌ನ ಪ್ಯಾಟರ್ನ್‌ಗಳಲ್ಲಿ ನನಗೆ ಅಚ್ಚುಮೆಚ್ಚು 1952ರ ‘ವಾಕ್‌ಅವೇ’ ಉಡುಪು. ಬೆಳಗಿನ ತಿಂಡಿ ಮುಗಿಸಿ ಹೊಲಿಯಲು ಕೂತರೆ ಮಧ್ಯಾಹ್ನದ ಊಟಕ್ಕೆ ತೊಟ್ಟು ಹೋಗಬಹುದು ಅನ್ನುವುದು ಅದರ ಹೆಗ್ಗಳಿಕೆ. ಮುಂಭಾಗ ಹಿಂದಕ್ಕೆ ಸುತ್ತಿಕೊಳ್ಳುತ್ತದೆ, ಹಿಂದಿನ ಅಗಲ ಲಂಗ ಮುಂದಕ್ಕೆ ಬಂದು ಸೊಂಟದಲ್ಲಿ ಗುಂಡಿಗೆ ಸಿಗುತ್ತದೆ. ಕಂಪನಿ ಅದನ್ನು ಎಷ್ಟೋ ವರ್ಷದ ಮೇಲೆ ಮತ್ತೆ ಹೊರತಂದಿತು. ಈ ರಜೆಯಲ್ಲಿ ನಾನು ಹೊಲಿಯುವುದು ಅದನ್ನೇ. ಬಟ್ಟೆ ತಂದು, ನೀರಿಗೆ ಹಾಕಿ ಒಣಗಿಸಿ ಇಟ್ಟಾಗಿದೆ. ಚೌಕಳಿ ಬಟ್ಟೆ.