ನೀರಿಳಿದಾಗ ಕಂಡ ಊರು

"ಯಾವೂರಾಯ್ತು?" ಅಂತ ಯಾರು ಕೇಳಿದರೂ ಅಜ್ಜಿ ಊರಿನ ಹೆಸರು ಹೇಳುತ್ತಿರಲಿಲ್ಲ. "ನಾವು ಮುಳುಗಡೆಯೋರು" ಅನ್ನುತ್ತಿದ್ದಳು. 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟೆ ಮುಗಿದು ಶರಾವತಿ ಕಣಿವೆ ತುಂಬಿದಾಗ ಗಂಟುಮೂಟೆ ಕಟ್ಟಿಕೊಂಡು ಲಾರಿ ಹತ್ತಿದವಳು. ಆಗ ಅಪ್ಪನಿಗೆ ಆರು ವರ್ಷ. ನಾನು ಹುಟ್ಟಿದ್ದು ರಿಪ್ಪನ್‌ಪೇಟೆ ಕಡೆ, ಕಾಡು ಕಡಿದು ಕೊಟ್ಟ ಜಾಗದಲ್ಲಿ. ಅಂಥ ಜಾಗಗಳ ಹಕ್ಕುಪತ್ರಕ್ಕೆ ಇವತ್ತಿಗೂ ಅಲೆಯುವವರಿದ್ದಾರೆ. ನಾಡಿಗೆಲ್ಲ ಬೆಳಕು ಕೊಟ್ಟವರ ಪಾಡು ಇದು.

ಮಳೆ ಕೈಕೊಟ್ಟ ಒಂದು ವರ್ಷ, ಬೇಸಿಗೆಯ ಕೊನೆಗೆ, ಹಿನ್ನೀರಿಳಿದು ಹಳೇ ಮಡೆನೂರು ಡ್ಯಾಂ ಮೇಲೆದ್ದಿದೆ ಅಂತ ಸುದ್ದಿ ಬಂತು. ಅಪ್ಪನನ್ನು ಬೈಕಿನ ಹಿಂದೆ ಕೂರಿಸಿಕೊಂಡು ಸಾಗರದಿಂದ ಹೊರಟೆ. ಟಾರು ರಸ್ತೆ ಮುಗಿದ ಮೇಲೆ ನಡಿಗೆ. ಹಿನ್ನೀರಿನ ತಳ ಬಿರಿದು ಹೆಂಚಿನಂತೆ ಒಣಗಿತ್ತು. ಎಲ್ಲಿ ನೋಡಿದರೂ ಕಪ್ಪುಗಟ್ಟಿದ ಮರದ ಬೊಡ್ಡೆಗಳು.

ಹಿರೇಭಾಸ್ಕರ ಅಂತಲೂ ಕರೆಯುವ ಆ ಅಣೆಕಟ್ಟೆ 1948ರದ್ದು. ಜೋಗದ ವಿದ್ಯುತ್ತಿಗಾಗಿ ಕಟ್ಟಿದ್ದು. ನೀರು ಮಟ್ಟ ಮೀರಿದರೆ ತಾನಾಗಿ ಹೊರಬಿಡುವ ಸೈಫನ್‌ಗಳು ಇನ್ನೂ ನಿಂತಿವೆ. ಹದಿನಾರೇ ವರ್ಷಕ್ಕೆ ಅದೂ ಮುಳುಗಿತು. ಆ ಕಲ್ಲಿನ ಗೋಡೆಗೆ ಅಂಗೈ ಊರಿ ಸುಮಾರು ಹೊತ್ತು ನಿಂತೆ. ಅದೂ ನಮ್ಮ ಹಾಗೆ ಮುಳುಗಡೆಯದೇ.

ಅಪ್ಪ ಮಾತ್ರ ಡ್ಯಾಂ ಕಡೆ ತಿರುಗಿಯೂ ನೋಡಲಿಲ್ಲ. ಅವನ ಕಣ್ಣು ಗುಡ್ಡಗಳ ಮೇಲಿತ್ತು. "ಬಾಗಿಲು ತೆಗೆದರೆ ಎದುರಿಗೆ ಎರಡು ಗುಡ್ಡ, ನಡುವೆ ಹೊತ್ತು ಹುಟ್ಟೋದು" ಅಂತ ಅಜ್ಜಿ ನೂರು ಸಲ ಹೇಳಿದ್ದಳು. ಒಂದು ದಿಬ್ಬ ಹತ್ತಿಳಿದಾಗ ಮೂಡಲಿಗೆ ಅವೇ ಎರಡು ಗುಡ್ಡ ಕಂಡವು. ಎಂದೂ ನೋಡದ ಜಾಗ ನನಗೆ ಗೊತ್ತಿತ್ತು. ಮೈ ಜುಮ್ಮೆಂದಿತು.

ಅಲ್ಲೇ ಕೆಸರಲ್ಲಿ ಅರ್ಧ ಹೂತ ಒರಳುಕಲ್ಲು. ಅಪ್ಪ ಕುಕ್ಕರುಗಾಲಲ್ಲಿ ಕೂತು ಗುಂಡಿಯ ಮಣ್ಣನ್ನು ಬೆರಳಿಂದ ತೋಡಿದ. ಒಳಗೆ ಕಲ್ಲು ಇನ್ನೂ ನುಣುಪಾಗಿತ್ತು.

"ನಮ್ಮದೇ ಅನ್ನೋಕೆ ಗುರುತಿಲ್ಲ ಮಗಾ" ಅಂದ. ಆಮೇಲೆ ಎದ್ದು, ಹೆಜ್ಜೆ ಎಣಿಸುತ್ತಾ ನಡೆದು, "ಇದು ಕೊಟ್ಟಿಗೆ, ಇದು ಜಗಲಿ" ಅನ್ನುತ್ತಾ ಒಂದು ಕಡೆ ನಿಂತ. ಚಪ್ಪಲಿ ಕಳಚಿಟ್ಟ. ನಾನೂ ಕಳಚಿ ಅವನ ಹಿಂದೆ ಹೋದೆ. ನೆಲ ಸುಡುತ್ತಿತ್ತು.