ಮಿಂಚುಹುಳು ಡಬ್ಬಿ: ಉತ್ತರ ಕಾಲಿನ ತುದಿಯಲ್ಲಿತ್ತು

ಕೊನೆಗೂ ಎರಡು ಉಗುರು ಕಾಣಿಸಿದವು. ನಾನು ಡಬ್ಬಿಯಲ್ಲಿ ಸಾಕುತ್ತಿರುವ ಮಿಂಚುಹುಳು ಲಾರ್ವಾ (ಮರಿಹುಳು) ಅಲ್ಲ, ಬೆಳೆದ ಹೆಣ್ಣು! ಕೆಲವು ಮಿಂಚುಹುಳುಗಳ ಹೆಣ್ಣು ಬೆಳೆದ ಮೇಲೂ ರೆಕ್ಕೆಯಿಲ್ಲದೆ ಲಾರ್ವಾದಂತೆಯೇ ಕಾಣುತ್ತದೆ, ಅದಕ್ಕೇ ಇಷ್ಟು ಗೊಂದಲ.

ಲಾರ್ವಾಗಳಿಗೆ ಒದ್ದೆ ಮಣ್ಣು, ಪಾಚಿ, ತಿನ್ನಲು ಬಸವನಹುಳು, ಬೆಳೆಯುತ್ತಾ ಪೊರೆ ಬಿಡುವ ಹಂತ, ಇದೆಲ್ಲ ಸಾಕುವವರಿಗೆ ಗೊತ್ತಿರುವುದೇ. ತಲೆನೋವು ಶುರುವಾದದ್ದು ಆಮೇಲೆ. ಒಂದು ಹುಳು ಮಣ್ಣಿನೊಳಗೆ ಇಳಿದು, ಬಹಳ ದಿನ ಮರೆಯಾಗಿ, ಮತ್ತೆ ಮೇಲೆ ಬಂತು. ರೆಕ್ಕೆ ಇಲ್ಲ. ಅದೇ ಉದ್ದನೆಯ ಮೈ, ಅದೇ ಹಲಗೆ ಜೋಡಿಸಿದಂಥ ಬೆನ್ನು. ಬಸವನಹುಳು ಇಟ್ಟರೆ ಹತ್ತಿರವೂ ಬರಲಿಲ್ಲ. ಇನ್ನೊಮ್ಮೆ ಪೊರೆ ಬಿಡಲು ಕಾಯುತ್ತಿರುವ ಲಾರ್ವಾನಾ? ಮಣ್ಣಿನಡಿ ಪ್ಯೂಪಾ ಹಂತ (ಲಾರ್ವಾ ಬೆಳೆದ ಹುಳುವಾಗಿ ಬದಲಾಗುವ ಹಂತ) ಮುಗಿಸಿ ಬಂದ ಹೆಣ್ಣಾ?

ಬೆಳಕು ನೋಡಿ ಹೇಳೋಣ ಅಂದರೆ ಅದೂ ಆಗಲಿಲ್ಲ. ಮಿಂಚುಹುಳುವಿನ ಲಾರ್ವಾಗಳೂ ಹೊಳೆಯುತ್ತವಲ್ಲ, ಸಾಮಾನ್ಯವಾಗಿ ಹೊಟ್ಟೆಯ ಎಂಟನೇ ಖಂಡದ (ಉಂಗುರದಂಥ ಭಾಗದ) ಎರಡು ಚುಕ್ಕೆಗಳಿಂದ. ಯುರೋಪಿನ ಲ್ಯಾಂಪೈರಿಸ್ ನಾಕ್ಟಿಲ್ಯೂಕಾ ಎಂಬ ಮಿಂಚುಹುಳು ಸಾಕುವವರು ಪುಣ್ಯವಂತರು. ಅದರ ಹೆಣ್ಣಿಗೆ ಆರು ಮತ್ತು ಏಳನೇ ಖಂಡದಲ್ಲಿ ಅಗಲ ಪಟ್ಟಿಗಳೂ ಬೆಳಗುತ್ತವೆ, ನೋಡಿದ ಕೂಡಲೇ ಗೊತ್ತಾಗುತ್ತದೆ. ನನ್ನ ಹುಳುವಿನಲ್ಲಿ ಇದ್ದದ್ದು ಚುಕ್ಕೆಗಳು ಮಾತ್ರ.

ಹಾಗಾಗಿ ಕಾಲು ನೋಡಲೇಬೇಕಾಯಿತು. ಲಾರ್ವಾದ ಕಾಲು ಒಂದೇ ಕೊಕ್ಕೆಯಲ್ಲಿ ಮುಗಿಯುತ್ತದೆ. ಬೆಳೆದ ಹೆಣ್ಣಿಗಾದರೆ ಚಿಕ್ಕ ತುಂಡುಗಳನ್ನು ಜೋಡಿಸಿದಂಥ ಪಾದ, ಅದರ ತುದಿಗೆ ಜೋಡಿ ಉಗುರು. ಕೇಳಲು ಸುಲಭ. ಆದರೆ ಈ ಹುಳು ಮುಟ್ಟಿದರೆ ಸಾಕು, ಕಾಲುಗಳನ್ನೆಲ್ಲ ಮೈಯಡಿಗೆ ಎಳೆದುಕೊಂಡು ಸುಮ್ನೆ ಬಿದ್ದಿರುತ್ತದೆ. ಅದರ ಮೇಲೆ ಯುಎಸ್‌ಬಿ ಮೈಕ್ರೋಸ್ಕೋಪಿನ ಕಾಟ. ಪೆಟ್ಟಿಗೆಯ ಮೇಲೆ ಸಾವಿರ ಪಟ್ಟು ದೊಡ್ಡದಾಗಿ ಕಾಣುತ್ತದೆ ಎಂದು ಬರೆದಿದ್ದಾರೆ. ಅಷ್ಟೊಂದು ಯಾರಿಗೆ ಬೇಕು? ನನಗೆ ಬೇಕಿದ್ದದ್ದು ಎಲ್‌ಇಡಿ ಬೆಳಕನ್ನು ತಗ್ಗಿಸುವ ಚಕ್ರ. ಅದು ಬರುವಾಗಲೇ ಸಡಿಲವಾಗಿತ್ತು. ಮೇಲಿಂದ ಬೀಳುವ ಬಿಳಿ ಬೆಳಕಿಗೆ ಬೆನ್ನು ಫಳಫಳ ಅನ್ನುತ್ತದೆ, ಕಾಲು ಕಪ್ಪು ನೆರಳಾಗುತ್ತದೆ. ಮಾರಿದವರಿಗೆ ಬರೆದೆ. ಉತ್ತರವಾಗಿ ಬಂದದ್ದು ಹೊಸ ಮಾದರಿಯ ಜಾಹೀರಾತು. ಕೋಪ ಇನ್ನೂ ಇಳಿದಿಲ್ಲ.

ದಾರಿ ಸಿಕ್ಕಿದ್ದು ಎಲ್ಲವನ್ನೂ ತಲೆಕೆಳಗು ಮಾಡಿದಾಗ. ಹುಳುವನ್ನು ಗಾಜಿನ ಪೆಟ್ರಿ ತಟ್ಟೆಯಲ್ಲಿ ಬಿಟ್ಟು, ಕ್ಯಾಮೆರಾವನ್ನು ಕೆಳಗಿಟ್ಟು, ಪಕ್ಕದಿಂದ ಕೆಂಪು ಎಲ್‌ಇಡಿ ಹಾಕಿದೆ. ಕೆಂಪು ಬೆಳಕು ಮಿಂಚುಹುಳುಗಳಿಗೆ ಅಷ್ಟಾಗಿ ಕಾಣುವುದಿಲ್ಲ, ಹಾಗಾಗಿ ಅದು ಹೆದರದೆ ನಡೆಯಿತು. ನಡೆಯುವಾಗ ಪಾದಗಳು ಗಾಜಿಗೆ ಒತ್ತುತ್ತವೆ. ಅಲ್ಲೇ ಕಂಡಿತು, ಸ್ಪಷ್ಟವಾಗಿ: ತುಂಡು ತುಂಡಾದ ಪಾದ, ಎರಡು ಉಗುರು. ಆಮೇಲೆ ತಲೆಯನ್ನೂ ಹಿಡಿದೆ. ಲಾರ್ವಾಗೆ ಎರಡು ಬದಿಗೂ ಒಂದೊಂದು ಸರಳ ಕಣ್ಣು ಇರುತ್ತದೆ. ಇಲ್ಲಿ ಚಿಕ್ಕದಾದರೂ ಸಂಯುಕ್ತ ಕಣ್ಣೇ (ಹಲವು ಸಣ್ಣ ಕಣ್ಣುಗಳು ಸೇರಿದ್ದು) ಇತ್ತು. ಲಾರ್ವಾಗಳು ನಡೆಯುವಾಗ ಬಾಲದ ತುದಿಯಿಂದ ಹೊರಚಾಚಿ ನೆಲಕ್ಕೆ ಅಂಟಿಸುವ ಬೆರಳುಗಳಂಥ ಅಂಗವನ್ನೂ ಇದು ಒಮ್ಮೆಯೂ ಚಾಚಲಿಲ್ಲ.

ಹೆಣ್ಣು ಅನ್ನುವುದು ಗೊತ್ತಾಯಿತು. ಕುಟುಂಬ ಯಾವುದು? ನನ್ನ ಒಲವು ಲ್ಯಾಂಪೈರಿಡೆ, ಅಂದರೆ ಮಿಂಚುಹುಳುಗಳ ಕುಟುಂಬದ ಕಡೆಗೆ, ಏಕೆಂದರೆ ಲಾರ್ವಾ ಇದ್ದಾಗ ಬಸವನಹುಳು ತಿಂದಿದೆ. ರ‍್ಯಾಗೋಫ್ತಾಲ್ಮಿಡೆ ಎಂಬ, ಹೊಳೆಯುವ ಜೀರುಂಡೆಗಳ ಇನ್ನೊಂದು ಕುಟುಂಬದ ಲಾರ್ವಾಗಳ ಬೇಟೆ ಸಹಸ್ರಪದಿಗಳು. ಆ ಕುಟುಂಬದ ಹೆಣ್ಣುಗಳೂ ಹುಳುವಿನಂತೆಯೇ ಇರುತ್ತವೆ. ಜಪಾನಿನ ರ‍್ಯಾಗೋಫ್ತಾಲ್ಮಸ್ ಓಬಾಯ್ ಹೆಣ್ಣು ಮೊಟ್ಟೆಗಳ ಸುತ್ತ ಸುರುಳಿ ಸುತ್ತಿಕೊಂಡು, ಮೈಯುದ್ದಕ್ಕೂ ಚುಕ್ಕೆ ಚುಕ್ಕೆಯಾಗಿ ಹೊಳೆಯುತ್ತಾ ಕಾಯುತ್ತದೆ. ಎಂಥ ತಾಯಿ!

ಇಂಥ ಹೋಲಿಕೆಗಳು ದೊಡ್ಡ ವಿಜ್ಞಾನಿಗಳನ್ನೂ ಕಾಡಿವೆ. ಮಿಂಚುಹುಳು ಸೇರಿದಂತೆ ಮೆತ್ತನೆ ಮೈಯ ಜೀರುಂಡೆಗಳನ್ನೆಲ್ಲ ಹಿಂದೆ ಕ್ಯಾಂಥರಾಯ್ಡಿಯಾ ಎಂಬ ಒಂದೇ ಗುಂಪಿಗೆ ಸೇರಿಸಿದ್ದರು. ಈಗ ಅವು ಕ್ಲಿಕ್ ಜೀರುಂಡೆಗಳ (ಅಂಗಾತ ಬಿದ್ದರೆ ಟಕ್ಕೆಂದು ಚಿಮ್ಮುವಂಥವು) ಜೊತೆ ಎಲಾಟರಾಯ್ಡಿಯಾದಲ್ಲಿವೆ, ಮೆತ್ತಗಾಗುವುದು ಬೇರೆ ಬೇರೆ ವಂಶಗಳಲ್ಲಿ ಪ್ರತ್ಯೇಕವಾಗಿ ನಡೆದಿದೆ. ಬೆಳಕಿನ ಕಥೆ ಇನ್ನೂ ಸೋಜಿಗ. ಹೊಳೆಯುವ ಈ ಜೀರುಂಡೆಗಳಿಗೆಲ್ಲ ಲೂಸಿಫೆರಿನ್ (ಬೆಳಕು ಕೊಡುವ ರಾಸಾಯನಿಕ) ಒಂದೇ. ಆದರೂ 2018ರಲ್ಲಿ ಪ್ರಕಟವಾದ ಜೀನೋಮ್ (ಜೀವಿಯ ಒಟ್ಟು ವಂಶವಾಹಿ) ಅಧ್ಯಯನದ ಪ್ರಕಾರ ಮಿಂಚುಹುಳುವೂ ಹೊಳೆಯುವ ಕ್ಲಿಕ್ ಜೀರುಂಡೆಯೂ ಆ ಬೆಳಕಿನ ಕ್ರಿಯೆ ನಡೆಸುವ ಕಿಣ್ವವಾದ ಲೂಸಿಫೆರೇಸನ್ನು ಬೇರೆ ಬೇರೆಯಾಗಿ ಪಡೆದವು. 2019ರಲ್ಲಿ ಚೀನಾದ ಯುನ್ನಾನ್‌ನ ಸೈನೋಪೈರೋಫೋರಸ್ ಎಂಬ ಹೊಳೆಯುವ ಜೀರುಂಡೆಯನ್ನು ಕ್ಲಿಕ್ ಜೀರುಂಡೆಗಳ ಉಪಕುಟುಂಬವಾಗಿ ವಿವರಿಸಿದರು, ಬೇಗನೇ ಅದಕ್ಕೆ ಬೇರೆ ಕುಟುಂಬವೇ ಆಯಿತು.

ಅಂದಹಾಗೆ, ಮುಂದಿನ ಕೆಲಸಕ್ಕೆ ಈಗಲೇ ಕೈ ತುರಿಸುತ್ತಿದೆ: ಹಳೆಯ ಡಿವಿಡಿಯ ತುಂಡಿನಿಂದ ವರ್ಣಪಟಲ (ಬೆಳಕನ್ನು ಬಿಡಿಸಿದಾಗ ಕಾಣುವ ಬಣ್ಣಗಳ ಸಾಲು) ನೋಡುವ ಸಾಧನ. ಅದರ ಗೆರೆಗಳ ಅಂತರ 0.74 ಮೈಕ್ರಾನ್, ಸಿಡಿಯದ್ದು 1.6. ಗೆರೆ ಹತ್ತಿರವಿದ್ದಷ್ಟೂ ಬಣ್ಣಗಳು ಜಾಸ್ತಿ ಹರಡುತ್ತವೆ, ಅದಕ್ಕೇ ಡಿವಿಡಿ. ಲೂಸಿಫೆರಿನ್ ಒಂದೇ ಆದರೂ ಲೂಸಿಫೆರೇಸಿನ ರಚನೆ ಬದಲಾದರೆ ಬಣ್ಣ ಬದಲಾಗುತ್ತದೆ. ದಕ್ಷಿಣ ಅಮೆರಿಕದ ಹೊಳೆಯುವ ಜೀರುಂಡೆ ಫ್ರಿಕ್ಸೋಥ್ರಿಕ್ಸ್‌ನ ತಲೆಯಲ್ಲಿ ಕೆಂಪು ದೀಪ, ಮೈಯ ಪಕ್ಕಗಳಲ್ಲಿ ಹಸಿರು ದೀಪ, ಎರಡೂ ಒಂದೇ ಹುಳುವಿನಲ್ಲಿ! ನನ್ನ ಹುಳುವಿನ ಬಣ್ಣ ಎಲ್ಲಿ ಬೀಳುತ್ತದೋ ನೋಡಬೇಕು.

ಅದಕ್ಕೂ ಮೊದಲು ಗಂಡು ಬೇಕು. ಹೆಣ್ಣೊಂದನ್ನೇ ಇಟ್ಟುಕೊಂಡು ಪ್ರಭೇದದವರೆಗೆ ಹೋಗುವುದು ಕಷ್ಟ. ಈಗ ಗಂಡು ಇದನ್ನು ಹುಡುಕಿ ಬರಲೆಂದು ಡಬ್ಬಿಗೆ ಮುಚ್ಚಳದ ಬದಲು ಬಲೆ ಬಿಗಿದು, ಕತ್ತಲಾದ ಮೇಲೆ ಹೊರಗೆ ಇಡುತ್ತಿದ್ದೇನೆ. ಬಂದ ಗಂಡಿನ ತಲೆಯನ್ನು ಎದೆಯ ಹಲಗೆ ಮುಚ್ಚಿದ್ದರೆ ನನ್ನ ಊಹೆಗೆ ಬಲ ಬರುತ್ತದೆ. ದಪ್ಪ ಕಣ್ಣುಗಳ ತಲೆ ಹೊರಗೆ ಕಂಡರೆ ರ‍್ಯಾಗೋಫ್ತಾಲ್ಮಿಡೆ ಪುಟವನ್ನು ಮತ್ತೆ ತೆರೆಯುತ್ತೇನೆ.