ಕೀ ಕೊಡುವ ಮೊದಲು ಒಂದು ಕಾಗದ

2024ರ ಲೋಕಸಭಾ ಚುನಾವಣೆ. ನಮ್ಮ ಕಡೆ ಏಪ್ರಿಲ್ 26ಕ್ಕೆ ಮತದಾನ. ಅದಕ್ಕೆ ಎರಡು ದಿನ ಮುಂಚೆ, ಕಣ್ಣಿನ ಆಪರೇಷನ್ ಆಗಿದ್ದ ಅಜ್ಜಿಯೊಬ್ಬರನ್ನು ಆಸ್ಪತ್ರೆಯಿಂದ ಮನೆಗೆ ಬಿಡಲು ಹೊರಟಿದ್ದೆ. ನನ್ನದು ಹಳದಿ ಬೋರ್ಡ್ ಕಾರು. ಓನರ್ ನಾನೇ, ಡ್ರೈವರ್ ನಾನೇ. ಸರ್ಕಲ್ ಹತ್ತಿರ ಅಧಿಕಾರಿಯೊಬ್ಬರು ಕೈ ಅಡ್ಡ ಹಿಡಿದರು.

"ಎಲೆಕ್ಷನ್ ಡ್ಯೂಟಿಗೆ ಗಾಡಿ ಬೇಕು. ಕೀ ಕೊಟ್ಟು ಹೋಗಿ, ಮೂರು ದಿನ ಬಿಟ್ಟು ಬನ್ನಿ."

ಹಿಂದಿನ ಸೀಟಿನಿಂದ ಅಜ್ಜಿ ಮೆಲ್ಲಗೆ ಕೇಳಿದರು: "ಇಲ್ಲೇ ಇಳೀಬೇಕಾ ಮಗಾ?" ಒಂದು ಕಣ್ಣಿಗೆ ಹತ್ತಿಯ ಪಟ್ಟಿ. ಮಡಿಲಲ್ಲಿ ಔಷಧಿ ಚೀಲ. ಅದನ್ನು ಎರಡೂ ಕೈಯಿಂದ ಗಟ್ಟಿಯಾಗಿ ಹಿಡಿದುಕೊಂಡಿದ್ದರು.

2019ರಲ್ಲೂ ನನಗೆ ಹೀಗೇ ಆಗಿತ್ತು. ಆಗ ಸುಮ್ನೆ ಕೀ ಕೊಟ್ಟಿದ್ದೆ. ನಾಲ್ಕು ದಿನ ಯಾರೋ ಓಡಿಸಿದರು. ವಾಪಸ್ ಬಂದಾಗ ಬಂಪರ್ ಒಳಗೆ ಹೋಗಿತ್ತು. ಬಾಡಿಗೆ ಕೇಳಲು ಹೋದರೆ, "ನಿಮ್ಮ ಗಾಡಿ ತಗೊಂಡಿದ್ದಕ್ಕೆ ದಾಖಲೆ ಏನಿದೆ?" ಅಂದರು. ಏನೂ ಇರಲಿಲ್ಲ. ಆ ತಿಂಗಳ ಸಾಲದ ಕಂತನ್ನು ಕೈಸಾಲ ಮಾಡಿ ಕಟ್ಟಿದೆ.

ಆಮೇಲೆ ಪರಿಚಯದ ವಕೀಲರೊಬ್ಬರು 1951ರ ಪ್ರಜಾಪ್ರತಿನಿಧಿ ಕಾಯ್ದೆ ತೆಗೆದು ತೋರಿಸಿದರು. 160ನೇ ಸೆಕ್ಷನ್. ಚುನಾವಣೆಗಾಗಿ ಸರ್ಕಾರ ನಮ್ಮಂಥವರ ಗಾಡಿಯನ್ನು ವಶಕ್ಕೆ ತಗೊಳ್ಳಬಹುದು, ನಿಜ. ಗಾಡಿ, ದೋಣಿ ಅಷ್ಟೇ ಅಲ್ಲ, ಪ್ರಾಣಿಯನ್ನೂ ತಗೊಳ್ಳಬಹುದು ಅಂತ ಬರೆದಿದೆ. ಆದರೆ ಬಾಯಿಮಾತಿನಲ್ಲಿ ಅಲ್ಲ. ಮಾಲೀಕನ ಹೆಸರಿಗೆ ಲಿಖಿತ ಆದೇಶ ಬೇಕು. ಮತಪೆಟ್ಟಿಗೆ ಸಾಗಿಸಲು, ಪೊಲೀಸರನ್ನು, ಚುನಾವಣಾ ಸಿಬ್ಬಂದಿಯನ್ನು ಕರೆದೊಯ್ಯಲು ಮಾತ್ರ ಬಳಸಬೇಕು. ಆ ಕೆಲಸ ಮುಗಿದ ಮೇಲೆ ಇಟ್ಟುಕೊಳ್ಳುವಂತಿಲ್ಲ. 161ನೇ ಸೆಕ್ಷನ್ ಪ್ರಕಾರ ಆ ಊರಲ್ಲಿ ನಡೆಯುವ ಬಾಡಿಗೆ ದರ ನೋಡಿ ಪರಿಹಾರ ಕೊಡಬೇಕು. ಕಡಿಮೆ ಅನ್ನಿಸಿದರೆ ಮಧ್ಯಸ್ಥಗಾರರ ಮುಂದೆ ಹೋಗಲೂ ದಾರಿ ಇದೆ. ಓದುತ್ತಾ ಹೊಟ್ಟೆ ಉರಿಯಿತು. ಇಷ್ಟೆಲ್ಲ ಬರೆದಿಟ್ಟಿದ್ದಾರೆ, ನಮಗೆ ಯಾರೂ ಹೇಳಲೇ ಇಲ್ಲ ಅಲ್ವಾ?

ಹಾಗಾಗಿ ಈ ಸಲ ಕೇಳಿಯೇ ಬಿಟ್ಟೆ. "ಗಾಡಿ ಕೊಡ್ತೀನಿ ಸಾರ್. ಆರ್ಡರ್ ಕಾಪಿ ಕೊಡಿ."

ಅವರ ಮುಖ ಬಿಗಿಯಾಯಿತು. "ಸೀಜ್ ಮಾಡಿದ್ರೆ ಗೊತ್ತಾಗುತ್ತೆ" ಅಂದರು. ನನ್ನ ಕೈ ನಡುಗುತ್ತಿತ್ತು, ಸುಳ್ಳು ಹೇಳಲ್ಲ. ಆದರೂ ಆರ್‌ಸಿ, ಪರ್ಮಿಟ್, ಲೈಸೆನ್ಸ್ ಮೂರನ್ನೂ ಬಾನೆಟ್ ಮೇಲೆ ಸಾಲಾಗಿ ಇಟ್ಟೆ. ಮೋಟಾರು ವಾಹನ ಕಾಯ್ದೆಯ 207ನೇ ಸೆಕ್ಷನ್‌ನಲ್ಲಿ ಗಾಡಿ ಹಿಡಿದಿಡುವ ಅಧಿಕಾರ ಇರುವುದು ಇಂಥವು ಇಲ್ಲದಾಗ. ನನ್ನ ಹತ್ತಿರ ಎಲ್ಲವೂ ಇತ್ತು. ಜೋರು ಮಾತಾಡಲಿಲ್ಲ. "ಅಜ್ಜಿನ ಮನೆ ಸೇರಿಸಿ ನಾನೇ ವಾಪಸ್ ಬರ್ತೀನಿ" ಅಂದೆ, ಅಷ್ಟೇ.

ಜೀಪಿನಲ್ಲಿ ಕೂತಿದ್ದ ಚಿಕ್ಕ ವಯಸ್ಸಿನ ಗುಮಾಸ್ತ ಇಳಿದು ಬಂದ. ಕೈಯಲ್ಲಿ ಸಹಿ, ಸೀಲು ಬಿದ್ದಿದ್ದ ಆದೇಶಗಳ ಕಟ್ಟು. ಆದೇಶ ಅಲ್ಲೇ ಇತ್ತು, ಕೊಡುತ್ತಿರಲಿಲ್ಲ ಅಷ್ಟೇ! ನನ್ನ ಹೆಸರು, ಗಾಡಿ ನಂಬರ್ ತುಂಬಿದ. ಮೀಟರ್ ರೀಡಿಂಗ್ ಕೂಡ ಬರೆಯಲು ಹೇಳಿದೆ. ಕಾರಿನೊಳಗೆ ಬಗ್ಗಿ ನೋಡಿ, ಒಂದೊಂದೇ ಅಂಕಿ ಜೋರಾಗಿ ಓದುತ್ತಾ ಬರೆದುಕೊಂಡ. ಕಾರ್ಬನ್ ಪ್ರತಿ ಹರಿದು ಕೊಟ್ಟ. ಬೆರಳಿಗೆಲ್ಲ ನೀಲಿ ಹತ್ತಿತು.

ಆದೇಶ ಕೈಗೆ ಬಂದ ಮೇಲೆ ಕೊಡಲ್ಲ ಅನ್ನುವಂತಿಲ್ಲ. ಹಾಗೆ ಮಾಡಿದರೆ ಒಂದು ವರ್ಷದವರೆಗೆ ಜೈಲು, ಇಲ್ಲ ದಂಡ, ಇಲ್ಲ ಎರಡೂ. ಕೊಡಲ್ಲ ಅನ್ನುವ ಮನಸ್ಸೂ ನನಗಿರಲಿಲ್ಲ. ಚುನಾವಣೆ ನಮ್ಮದೇ ಕೆಲಸ. ಗಾಡಿ ಇಲ್ಲದೆ ಮತಯಂತ್ರ ದೂರದ ಹಳ್ಳಿಗಳಿಗೆ ಹೇಗೆ ಹೋಗಬೇಕು? ನಾನು ಕೇಳಿದ್ದು ಒಂದು ಹಾಳೆ ಮಾತ್ರ. ಅದು ಇಲ್ಲದಿದ್ದರೆ ವಶಕ್ಕೆ ತಗೊಳ್ಳುವುದಕ್ಕೂ ಕಿತ್ತುಕೊಳ್ಳುವುದಕ್ಕೂ ಏನು ವ್ಯತ್ಯಾಸ? ಕಾನೂನಿನ ಬಲವಿಲ್ಲದೆ ಯಾರ ಆಸ್ತಿಯನ್ನೂ ಕಸಿಯುವಂತಿಲ್ಲ ಅಂತ ಸಂವಿಧಾನದ 300ಎ ವಿಧಿಯೇ ಹೇಳುತ್ತದೆ. ಸಾಲ ಮಾಡಿ ತಂದ ಕಾರೂ ಆಸ್ತಿಯೇ.

ಅಜ್ಜಿಯನ್ನು ಮನೆ ಬಾಗಿಲವರೆಗೆ ಕೈ ಹಿಡಿದು ನಡೆಸಿ, ಹೇಳಿದ ಹೊತ್ತಿಗೆ ವಾಪಸ್ ಹೋದೆ. ಮೂರು ದಿನ ನಾನೇ ಸಿಬ್ಬಂದಿಯನ್ನು ಕರೆದುಕೊಂಡು ಓಡಾಡಿದೆ. 27ರ ಮಧ್ಯಾಹ್ನ ಬಿಟ್ಟರು. ಅದೇ ಹುಡುಗ ಮತ್ತೆ ಬಗ್ಗಿ ಮೀಟರ್ ಓದಿ, ಬಿಡುಗಡೆ ಚೀಟಿಗೆ ಸಹಿ ಹಾಕಿಸಿಕೊಟ್ಟ. ಬಾಡಿಗೆ ಹಣ ತಡವಾಗಿಯೇ ಬಂತು, ಆದರೆ ಪೂರ್ತಿ ಬಂತು. ಕಾರ್ಬನ್ ಪ್ರತಿ ಈಗಲೂ ಡ್ಯಾಶ್‌ಬೋರ್ಡಿನಲ್ಲಿ, ಆರ್‌ಸಿ ಜೊತೆಗೇ ಇದೆ. ಸ್ಟ್ಯಾಂಡಿನಲ್ಲಿ ಬೇರೆ ಡ್ರೈವರ್‌ಗಳು ಕೇಳಿದಾಗ ತೆಗೆದು ತೋರಿಸುತ್ತೇನೆ.